ಬೇರೆಯವರ ಪದಬಂಧಕ್ಕೆ ಇಂಟು ಮಾರ್ಕು ಹಾಕುತ್ತಾ ನನ್ನದೊಂದು ಕಟ್ಟಿದ ಕಥೆ

‘ಪೇಪರಿನ ಪದಬಂಧಕ್ಕೂ ವಿಮರ್ಶೆನಾ ಮಾರಾಯ್ರೆ?’ ಅಂತ ನಕ್ಕವರೇ ಹೋದ ತಿಂಗಳು ಫೋನ್ ಮಾಡಿ, ‘ಆ ಮೈ-ಕೈ ಪದಬಂಧದ ಥರದ್ದು ಇನ್ನೊಂದು ಇದ್ರೆ ಕಳಿಸಿ’ ಅಂದರು. ಪದಗಳೊಳಗೆ ಮೈ, ಕೈ ಅಡಗಿಸಿ ನಾನೇ ಕಟ್ಟಿದ ಆ ಪದಬಂಧವನ್ನು ನಲವತ್ತು ಜನಕ್ಕೆ ಕಳಿಸಿದ್ದೆ. ಮೂವತ್ತೊಂದೋ ಮೂವತ್ತೆರಡೋ ಮಂದಿ ಪೂರ್ತಿ ತುಂಬಿ ಫೋಟೊ ಹಾಕಿದರು. ಒಂದೂ ಉಲ್ಟಾ ಪದ (ಹಿಂದುಮುಂದಾಗಿ ತಿರುಗಿಸಿ ಕೂರಿಸಿದ್ದು) ಇಲ್ಲದ, ನಡುವೆ ಒಂದು ಎಳೆ (ಕೆಲವು ಉತ್ತರಗಳನ್ನು ಪೋಣಿಸುವ ಒಂದೇ ವಿಷಯ) ಇರುವ ಪದಬಂಧ ಕನ್ನಡದಲ್ಲಿ ಆಗುವುದೇ ಇಲ್ಲ ಎಂದು ಪಂದ್ಯ ಕಟ್ಟಿದವರೂ ಅದರಲ್ಲಿ ಇದ್ದರು. ಅದಕ್ಕೇ ಇದನ್ನು ಬರೆಯಲು ಸ್ವಲ್ಪ ಧೈರ್ಯ ಬಂದಿದೆ.

ಶುರುವಾಗಿದ್ದು ಕೋಪದಿಂದ. ನವೆಂಬರ್ 1ರ ಪದಬಂಧ, ಮೇಲೆ ‘ರಾಜ್ಯೋತ್ಸವ ವಿಶೇಷ’ ಎಂದು ಹಾಕಿದ್ದರು. ಒಳಗೆ ನೋಡಿದರೆ ‘ಬಾವುಟ’ ಒಂದು, ‘ನಾಡು’ ಒಂದು, ‘ಕವಿ’ ಒಂದು. ಉಳಿದದ್ದೆಲ್ಲ ಯಾವ ದಿನಕ್ಕಾದರೂ ಆಗುವ ಪದಗಳೇ. ಮೂರು ಸಾಮಾನು ಒಂದೇ ಚೀಲದಲ್ಲಿ ಹಾಕಿದರೆ ಅದು ಸಂತೆ ಚೀಟಿ, ಎಳೆ ಅಲ್ಲ. ಎಳೆ ಅಂದರೆ ಎರಡನೇ ಪದ ಸಿಕ್ಕಾಗ ‘ಓಹೋ’ ಅನ್ನಿಸಬೇಕು, ಮೂರನೆಯದನ್ನು ಸುಳಿವು ಓದದೆ ಊಹಿಸುವ ಆಸೆ ಹುಟ್ಟಬೇಕು. ಅವತ್ತೇ ಪೆನ್ಸಿಲ್ ತೆಗೆದುಕೊಂಡು ಪ್ರತಿ ಪದಕ್ಕೂ ಗುರುತು ಹಾಕಲು ಕೂತೆ: ಸಲೀಸಾಗಿದ್ದರೆ ರೈಟು, ಪರವಾಗಿಲ್ಲ ಅನಿಸಿದರೆ ಚುಕ್ಕೆ, ಹಲ್ಲು ಕಡಿಯುವಂತಿದ್ದರೆ ಇಂಟು. ಹೀಗೆ ಒಂದೂವರೆ ವರ್ಷ, ನಾನೂರರ ಹತ್ತಿರ ಪದಬಂಧಗಳು. ಐದು ನೋಟ್‌ಬುಕ್ ಮುಗಿದಿವೆ. ಮನೆಯಲ್ಲಿ ಅದಕ್ಕೆ ‘ಹಾಲಿನ ಲೆಕ್ಕದ ಪುಸ್ತಕ’ ಎಂದು ಹೆಸರು.

ಮೊದಲ ಆರು ತಿಂಗಳ ಲೆಕ್ಕ ಪೂರಾ ದಂಡ. ಯಾಕೆಂದರೆ ಅಮೆರಿಕದವರ ಅಳತೆಗೋಲು ಹಿಡಿದುಕೊಂಡಿದ್ದೆ. ಅಲ್ಲಿ ಎರಡು ಅಕ್ಷರದ ಪದ ನಿಷಿದ್ಧ. ನ್ಯೂಯಾರ್ಕ್ ಟೈಮ್ಸ್‌ನ ವಾರದ ದಿನದ 15 × 15 ಚೌಕದಲ್ಲಿ ಎಳೆ ಇದ್ದರೆ ಹೆಚ್ಚೆಂದರೆ 78 ಪದ. ಬಿಳಿ ಮನೆ ಪ್ರತಿಯೊಂದೂ ಅಡ್ಡವೂ ಕೂಡಬೇಕು, ಕೆಳಕ್ಕೂ ಕೂಡಬೇಕು. ಅದನ್ನೇ ಇಲ್ಲಿಗೆ ತಂದು ಎರಡು ಮನೆಯ ಪದಗಳಿಗೆಲ್ಲ ಇಂಟು ಹಾಕಿದೆ. ‘ಶಾಸ್ತ್ರ’ಕ್ಕೆ ಇಂಟು, ‘ಬೆಲ್ಲ’ಕ್ಕೆ ಇಂಟು, ‘ಅಕ್ಕಿ’ಗೂ ಇಂಟು! ನಮ್ಮ ಒಂದು ಮನೆಯಲ್ಲಿ ‘ಸ್ತ್ರ’ ಪೂರ್ತಿ ಕೂರುತ್ತದೆ, ಅವರ ಒಂದು ಮನೆಯಲ್ಲಿ ಎಸ್ ಮಾತ್ರ. ಅವರ ಎರಡಕ್ಷರವೂ ನಮ್ಮ ಎರಡಕ್ಷರವೂ ಒಂದೇ ತೂಕ ಅಲ್ಲ ಎನ್ನುವಷ್ಟು ಬುದ್ಧಿ ಬರಲು ನನಗೆ ಆರು ತಿಂಗಳು ಬೇಕಾಯಿತು. ಅಂದಹಾಗೆ, 1913ರ ಡಿಸೆಂಬರ್ 21ರಂದು ನ್ಯೂಯಾರ್ಕ್ ವರ್ಲ್ಡ್ ಪತ್ರಿಕೆಯಲ್ಲಿ ಆರ್ಥರ್ ವಿನ್ ಹಾಕಿದ ಮೊದಲ ಪದಬಂಧದಲ್ಲೇ ‘ಡವ್’ ಎಂಬ ಪದ ಎರಡು ಸಲ ಬಂದಿದೆ. ಇವತ್ತು ಅದನ್ನು ಯಾವ ಸಂಪಾದಕನೂ ಒಪ್ಪುವುದಿಲ್ಲ. ನನ್ನ ಪುಸ್ತಕದಲ್ಲಿ ಅದಕ್ಕೂ ಒಂದು ಇಂಟು ಇದೆ.

ಏಳನೇ ತಿಂಗಳಿಂದ ಲೆಕ್ಕದ ದಾರಿ ಬದಲಿಸಿದೆ. ಇಂಟು ಬಿದ್ದ ಪದವನ್ನು ಬಯ್ಯುವುದು ಬಿಟ್ಟು, ಅದನ್ನು ಅಲ್ಲಿಗೆ ತಳ್ಳಿದ ಮನೆ ಯಾವುದು ಅಂತ ಹುಡುಕತೊಡಗಿದೆ. ಕಟ್ಟಿದವನು ‘ಲವಣ’ವನ್ನು ‘ಣವಲ’ ಎಂದು ತಿರುಗಿಸಿ ಕೂರಿಸಿದ್ದರೆ ಅದು ಅವನ ಚಟ ಅಲ್ಲ. ಪಕ್ಕದ ಪದ ಅವನಿಗೆ ‘ಣ’ವನ್ನು ತಂದುಕೊಟ್ಟಿದೆ, ‘ಣ’ದಿಂದ ಶುರುವಾಗುವ ಪದವೇ ನಮ್ಮಲ್ಲಿ ಇಲ್ಲ. ದಿನಕ್ಕೆ ಸರಾಸರಿ ಮೂರು ಉಲ್ಟಾ ಪದ ಸಿಗುತ್ತಿದ್ದವು. ಹತ್ತರಲ್ಲಿ ಏಳೆಂಟು ಸಲ ತಪ್ಪು ಆ ಪದದ್ದಲ್ಲ, ಅದನ್ನು ದಾಟುವ ಇನ್ನೊಂದು ಪದದ್ದು.

ಇನ್ನೊಂದು ವಿಷಯವೂ ಕಣ್ಣಿಗೆ ಬಿತ್ತು. ಕಮಲ, ವದನ, ಗಗನ, ನಳಿನ, ಜಲಜ, ನೀರಜ — ಪದಬಂಧದ ಕೊಳದಲ್ಲಿ ತಾವರೆ ಬಾಡುವುದೇ ಇಲ್ಲ. ‘ಕಮಲ’ ಸುಳಿವಾಗಿ ಬರುತ್ತದೆ, ಉತ್ತರವಾಗಿಯೂ ಬರುತ್ತದೆ. ಇದಕ್ಕೆ ಕಟ್ಟುವವರ ಭಕ್ತಿ ಕಾರಣವಲ್ಲ. ಸಂಸ್ಕೃತದಿಂದ ಬಂದವು ಹೆಚ್ಚಾಗಿ ‘ಅ’ಕಾರದಲ್ಲಿ ಮುಗಿಯುತ್ತವೆ. ಬರೀ ಕ, ಲ, ನ, ವ ಪದದ ತಲೆಗೂ ಆಗುತ್ತವೆ, ನಡುವಿಗೂ ಆಗುತ್ತವೆ, ಬಾಲಕ್ಕೂ ಆಗುತ್ತವೆ. ಅಚ್ಚಗನ್ನಡದ ಪದಗಳು ಬೆಳಕು, ತಾವರೆ, ಕಡೆ, ಗಿಳಿ ಅಂತ ಉ, ಎ, ಇ ಗಳಲ್ಲಿ ಮುಗಿಯುತ್ತವೆ. ‘ಡೆ’ಯಿಂದ ಯಾವ ಪದ ಶುರು ಮಾಡುತ್ತೀರಿ? ಸಲೀಸು ಹುಡುಕಿಕೊಂಡು ಹೋದವನ ಚೌಕದಿಂದ ಕನ್ನಡವೇ ಮೆಲ್ಲಗೆ ಜಾಗ ಖಾಲಿ ಮಾಡುತ್ತದೆ.

ಇಷ್ಟು ಗೊತ್ತಾದ ಮೇಲೆ ಸುಮ್ಮನೆ ಕೂರಲಾಗಲಿಲ್ಲ. ಒಬ್ಬರಿಗೆ ಆರು ಸಾವಿರ ಕೊಟ್ಟು ಪದ ಜೋಡಿಸುವ ಪ್ರೋಗ್ರಾಂ ಬರೆಸಿದೆ. ಪದಗಳಿಗೆ ‘ಅಲರ್’ ನಿಘಂಟಿನ ದತ್ತಾಂಶ. ಒಂದೂವರೆ ಲಕ್ಷಕ್ಕೂ ಹೆಚ್ಚು ನಮೂದು, ಎಲ್ಲರಿಗೂ ಮುಕ್ತ. ಬಂದ ಫಲಿತಾಂಶ ನೋಡಿ ನಗಬೇಕೋ ಅಳಬೇಕೋ ತಿಳಿಯಲಿಲ್ಲ. ‘ಶಾಸ್ತ್ರ’ವನ್ನು ಏಳು ಮನೆಯಲ್ಲಿ ಹರಡಿತ್ತು: ಶ, ಅದರ ದೀರ್ಘ, ಸ, ಅರ್ಧಾಕ್ಷರದ ಚಿಹ್ನೆ, ತ, ಮತ್ತೆ ಆ ಚಿಹ್ನೆ, ರ. ಕಂಪ್ಯೂಟರ್ ಅಕ್ಷರ ಎಣಿಸುವ ಯುನಿಕೋಡ್ ಲೆಕ್ಕದಲ್ಲಿ ಅದು ಸರಿಯೇ. ಪದಬಂಧದ ಲೆಕ್ಕದಲ್ಲಿ ಆರು ಸಾವಿರ ನೀರಿನಲ್ಲಿ ಹೋಮ. ಕೊನೆಗೆ ಅಕ್ಕನ ಮಗಳು ರಜಕ್ಕೆ ಬಂದಾಗ, ‘ಮಾವ, ಕಂಪ್ಯೂಟರಿಗೆ ಒತ್ತಕ್ಷರ ಅಂದ್ರೇನು ಅಂತ ಯಾರೂ ಹೇಳೇ ಇಲ್ಲ’ ಅಂತ ಒಂದು ಮಧ್ಯಾಹ್ನ ಕೂತು ಹತ್ತು ಹನ್ನೆರಡು ಸಾಲಿನಲ್ಲಿ ಸರಿಮಾಡಿದಳು. ಅವಳಿಗೆ ಹೆಡ್‌ಫೋನ್, ಎರಡೂವರೆ ಸಾವಿರ.

ಆದರೂ ಚೌಕ ತುಂಬಲಿಲ್ಲ. ಇಂಗ್ಲಿಷಿನಲ್ಲಿ 26 ಅಕ್ಷರ. ನಮ್ಮಲ್ಲಿ ಕಾಗುಣಿತವೊಂದೇ ನಾನೂರು ದಾಟುತ್ತದೆ, ಒತ್ತು ಸೇರಿಸಿದರೆ ಕೇಳುವುದೇ ಬೇಡ. ಕಂಪ್ಯೂಟರ್ ತುಂಬಿದ ಕೆಲವು ಚೌಕಗಳಲ್ಲಿ ಅರ್ಧ ಪದ ನಾನೇ ಕೇಳಿರಲಿಲ್ಲ. ನಿಘಂಟಿನಲ್ಲಿ ಇದೆ ಎಂಬ ಒಂದೇ ಕಾರಣಕ್ಕೆ ಪದಕ್ಕೆ ರೈಟು ಸಿಗುವುದಿಲ್ಲ.

ತಿರುವು ಸಿಕ್ಕಿದ್ದು ಒಂದು ಹುಚ್ಚು ಪ್ರಯೋಗದಲ್ಲಿ. ಕಪ್ಪು ಮನೆಯೇ ಇಲ್ಲದ ಮೂರು ಮನೆ ಚೌಕ ಕಟ್ಟೋಣ ಎಂದು ಹಠ ಹಿಡಿದಿದ್ದೆ. ಮೊದಲು ಬಂದದ್ದು ಕನಕ, ನಯನ, ಕನಕ. ನೋಡಲು ಚೆಂದ, ಆದರೆ ಒಂದೇ ಪದ ಎರಡು ಸಾಲಿನಲ್ಲಿ, ಅಂದರೆ ವಿನ್ ಮಾಡಿದ ತಪ್ಪೇ. ವಾರ ಬಿಟ್ಟು, ಬಸ್ಸಿನಲ್ಲಿ, ಟಿಕೆಟ್ ಹಿಂದೆ ಇದು ಬಂತು:

ಕ ದ ನ
ದ ಮ ನ
ನ ನ ಸು

ಅಡ್ಡ ಓದಿ, ಕೆಳಕ್ಕೆ ಓದಿ: ಕದನ, ದಮನ, ನನಸು. ಮೂರೂ ಜೀವಂತ ಪದಗಳು. ಆ ಮೂಲೆಯ ‘ಸು’ ನೋಡಿ. ಅಚ್ಚಗನ್ನಡದ ಬಾಲ ಅದು, ಬೇರೆ ಎಲ್ಲಿ ಇಟ್ಟರೂ ತೊಂದರೆ ಕೊಡುತ್ತಿತ್ತು. ಇಲ್ಲಿ ಅಡ್ಡಪದವೂ ಅಲ್ಲೇ ಮುಗಿಯುತ್ತದೆ, ಕೆಳಪದವೂ ಅಲ್ಲೇ ಮುಗಿಯುತ್ತದೆ. ನೋಟ್‌ಬುಕ್ ತೆಗೆದು ಹಳೆಯ ಇಂಟುಗಳನ್ನೆಲ್ಲ ಮತ್ತೆ ನೋಡಿದೆ. ಎಲ್ಲ ಕಡೆಯೂ ಒಂದು ಪದದ ತಲೆ ಇನ್ನೊಂದರ ಬಾಲಕ್ಕೋ ಹೊಟ್ಟೆಗೋ ಸಿಕ್ಕಿಹಾಕಿಕೊಂಡಿತ್ತು. ಆಮೇಲೆ ನನ್ನ ನಿಯಮ ಒಂದೇ: ಎಲ್ಲೆಂದರಲ್ಲಿ ಕೂರದ ಮೊಂಡು ಅಕ್ಷರ ಬಂದರೆ ತಲೆಗೆ ತಲೆ, ಬಾಲಕ್ಕೆ ಬಾಲ. ಮೆತ್ತನೆಯ ಅಕ್ಷರ ಮಾತ್ರ ಹೊಟ್ಟೆಗೆ. (ನಾಲ್ಕು ಮನೆ ಚೌಕಕ್ಕೆ ಒಂದು ತಿಂಗಳು ಕೂತೆ. ಬಂತು, ಎರಡು ಸತ್ತ ಪದಗಳ ಜೊತೆ. ಯಾರಿಗೂ ತೋರಿಸುವುದಿಲ್ಲ.)

ಇನ್ನು ಎಳೆ. ಪದದೊಳಗೆ ಅಂಗಾಂಗ ಅಡಗಿಸೋಣ ಅಂತ ಹೊರಟಿದ್ದೆ. ಮೊದಲ ಪಟ್ಟಿ: ಕಿವಿಮಾತು, ತಲೆಮಾರು, ಹೊಟ್ಟೆಕಿಚ್ಚು, ಬೆನ್ನೆಲುಬು. ಒಂದು ಪತ್ರಿಕೆಗೆ ಕಳಿಸಿದೆ. ಹಾಕಿದರು. ಏಳು ತಿಂಗಳ ಮೇಲೆ ಮುನ್ನೂರು ರೂಪಾಯಿ ಬಂತು; ಅದಕ್ಕಾಗಿ ಮಾಡಿದ ಫೋನ್‌ಗಳ ಲೆಕ್ಕ ಬೇಡ. ಅಚ್ಚಾದ ಮೇಲೆ ನನ್ನದೇ ಪೆನ್ಸಿಲ್ ಹಿಡಿದು ನೋಡಿದರೆ ನನ್ನ ಎಳೆಗೇ ಇಂಟು. ಬೆನ್ನೆಲುಬು ಸ್ವತಃ ಅಂಗ, ಅದರಲ್ಲಿ ಅಡಗಿದ್ದೇನು? ಕಿವಿಮಾತಿನ ಕಿವಿ ನಿಜವಾದ ಕಿವಿಯೇ. ನಾಲ್ಕು ಪದ, ಮೂರು ಬೇರೆ ಬೇರೆ ನ್ಯಾಯ.

ಎರಡನೇ ಸಲ ಕಟ್ಟುನಿಟ್ಟು ಮಾಡಿದೆ: ಅಂಗ ಕಾಣಬೇಕು, ಆದರೆ ಅದು ಅಂಗ ಆಗಿರಬಾರದು. ಆಗ ಪಟ್ಟಿ ತಾನಾಗಿ ಕಳೆಕಟ್ಟಿತು. ಮೈಸೂರು — ಆ ಮೈ ಮಹಿಷನದು. ಕೈಲಾಸಕ್ಕೆ ಕೈ ಇಲ್ಲ. ಕಾಲುವೆ ಹರಿಯುತ್ತದೆ, ನಡೆಯುವುದಿಲ್ಲ. ಮೈಲಿಗಲ್ಲು. ತೊಡೆದುಹಾಕು. ಇವನ್ನೆಲ್ಲ ಕಟ್ಟುವ ಬೀಗದ ಪದ ಸಿಕ್ಕಿದ ರಾತ್ರಿ ನಿದ್ದೆ ಬರಲಿಲ್ಲ: ಅನಂಗ. ಸುಳಿವು, ‘ಮನ್ಮಥ, ಈ ಪದಬಂಧದ ಐದು ಉತ್ತರಗಳಿಗೂ ಒಪ್ಪುವ ಹೆಸರು’.

ಬೀಗದ ಪದವನ್ನು ಕೊನೆಯ ಸಾಲಿನಲ್ಲಿ ಇಡುವುದು ವಾಡಿಕೆ. ಇಟ್ಟೆ. ಕೂಡಲಿಲ್ಲ. ಕೊನೆಯ ಸಾಲಿನ ಮನೆಗೆ ಮೇಲಿನಿಂದ ಬರುವ ಪದ ಅಲ್ಲಿ ಮುಗಿಯಬೇಕು, ‘ಅ’ಯಲ್ಲಿ ಮುಗಿಯುವ ಕನ್ನಡ ಪದ ಎಲ್ಲಿದೆ? ಅ, ಇ, ಉ ಇವು ಪದದ ತಲೆಯಲ್ಲಿ ಮಾತ್ರ ಕೂರುವ ದೊರೆಗಳು. ಎರಡು ಸಂಜೆ ಒದ್ದಾಡಿ ‘ಅನಂಗ’ವನ್ನು ಕೊನೆಯಿಂದ ಮೂರನೇ ಸಾಲಿಗೆ ಏರಿಸಿದೆ. ‘ಅ’ದಿಂದ ಕೆಳಕ್ಕೆ ‘ಅರಸು’ ಇಳಿಯಿತು, ‘ಗ’ದ ಮೇಲೆ ‘ಹಗಲು’ ಹಾದುಹೋಯಿತು.

‘ಮೈಲಿಗಲ್ಲು’ ಇನ್ನೂ ದೊಡ್ಡ ಪೆಟ್ಟು ಕೊಟ್ಟಿತು. ಮೊದಲ ಕರಡಿನಲ್ಲಿ ಅದು ಮೂರನೇ ಸಾಲಿನಲ್ಲಿತ್ತು. ಮೇಲಿನಿಂದ ‘ಮೈ’ನಲ್ಲಿ ಮುಗಿಯುವ ಮೂರು ಮನೆಯ ಪದ ಬೇಕು. ‘ಬರಿಮೈ’ ಹಾಕಿ ಬೀಗಿದೆ. ಬೆಳಿಗ್ಗೆ ಎದ್ದು ನೋಡಿದರೆ, ಮೈ ಅಲ್ಲದ ಮೈಗಳ ಪದಬಂಧದ ನಟ್ಟನಡುವೆ ಬಟ್ಟೆ ಬಿಚ್ಚಿದ ನಿಜವಾದ ಮೈ ಒಂದು ನಿಂತಿದೆ! ‘ಮೈಲಿಗಲ್ಲು’ ಮೇಲಿನ ಎಡಮೂಲೆಗೆ ಹೋಯಿತು, ತಲೆಗೆ ತಲೆ. ಅಲ್ಲಿಂದ ‘ಮೈದಾನ’ ಕೆಳಗಿಳಿಯಿತು. ಮೈದಾನದ ಮೈಯೂ ಮೈ ಅಲ್ಲ, ಅದು ಪುಕ್ಕಟೆ ಲಾಭ.

ನನಗೆ ಅತಿ ಹೆಮ್ಮೆ ‘ತೊಡೆದುಹಾಕು’ವಿನ ಸುತ್ತ ಕಟ್ಟಿದ್ದರ ಬಗ್ಗೆ. ತೊ, ಡೆ, ದು, ಹಾ, ಕು — ‘ದು’ ಬಿಟ್ಟರೆ ಉಳಿದ ನಾಲ್ಕೂ ಮೊಂಡು. ಡೆ, ಹಾ ಎರಡನ್ನೂ ದಾಟದೆ ಬಿಟ್ಟೆ. ‘ತೊ’ ತಲೆಯಾಗಿ ‘ತೊಟ್ಟಿಲು’ ಕೆಳಗೆ ಇಳಿಯುತ್ತದೆ. ‘ದು’ ಹೊಟ್ಟೆಯಾಗಿ ‘ಬದುಕು’, ಒಂದು ಮನೆ ಮೇಲೆ, ಒಂದು ಕೆಳಗೆ. ‘ಕು’ ಬಾಲವಾಗಿ ‘ಬೆಳಕು’, ಎರಡೂ ಮನೆ ಮೇಲೆ. ಬರೆದು ನೋಡಿ, ಮೆಟ್ಟಿಲಿನ ಹಾಗೆ ಏರುತ್ತದೆ. ಹಾಳೆಯನ್ನು ತಲೆಕೆಳಗು ಮಾಡಿದರೂ ಅದೇ ಆಕಾರ, ಹಾಗಾಗಿ ಚೌಕದ ಸಮತೋಲಕ್ಕೂ ಧಕ್ಕೆ ಇಲ್ಲ.

ಹೊಟ್ಟೆಗೆ ಆಗುವ ಮೆತ್ತನೆಯ ಅಕ್ಷರಗಳು ಯಾವುವು ಎಂದು ಕೇಳುತ್ತೀರಿ. ನಾನೂರು ಪದಬಂಧದಿಂದ ಸೋಸಿದ ಇಪ್ಪತ್ತಮೂರರ ಪಟ್ಟಿ ನನ್ನ ಹತ್ತಿರ ಇದೆ, ಅದರಲ್ಲಿ ‘ರಿ’ ಮತ್ತು ‘ಗು’ ಇವೆ ಅನ್ನುವಷ್ಟು ಮಾತ್ರ ಹೇಳುತ್ತೇನೆ. ಕಪ್ಪು ಮನೆಗಳನ್ನು ಮೊದಲು ಎಲ್ಲಿ ಇಡುತ್ತೇನೆ ಎಂಬುದನ್ನೂ ಸದ್ಯಕ್ಕೆ ಹೇಳುವುದಿಲ್ಲ. ಒಟ್ಟು ಖರ್ಚು ಹನ್ನೊಂದು ಸಾವಿರದ ಹತ್ತಿರ, ಆದಾಯ ಆ ಮುನ್ನೂರು.

ಪದಬಂಧ ಕಳಿಸಿದ ನಲವತ್ತು ಜನರಲ್ಲಿ, ಕನ್ನಡದಲ್ಲಿ ಎಳೆ ಕೂರುವುದಿಲ್ಲ ಎಂದು ಮೊದಲು ಹೇಳಿದ ಹಿರಿಯರೂ ಇದ್ದರು. ಮೂವತ್ತು ವರ್ಷ ಪದಬಂಧ ಕಟ್ಟಿದ ಕೈ. ಅವರು ಫೋಟೊ ಕಳಿಸಲಿಲ್ಲ, ಹಾಳೆಯನ್ನೇ ಅಂಚೆಯಲ್ಲಿ ವಾಪಸು ಕಳಿಸಿದರು. ನನ್ನ ಪದ್ಧತಿಯಲ್ಲೇ ಪೆನ್ಸಿಲ್ ಗುರುತು. ರೈಟು, ರೈಟು, ಚುಕ್ಕೆ, ರೈಟು... ಖುಷಿಯಿಂದ ಎಣಿಸುತ್ತಾ ಹೋದೆ. ಬಲಭಾಗದಲ್ಲಿ, ತುಂಬುವುದಕ್ಕೆಂದು ಹಾಕಿದ್ದ ಒಂದು ನಾಲ್ಕು ಮನೆಯ ಪದದ ಮೇಲೆ ದೊಡ್ಡ ಇಂಟು: ಕರವಸ್ತ್ರ. ಪಕ್ಕದಲ್ಲಿ ಸಣ್ಣ ಅಕ್ಷರದಲ್ಲಿ, ‘ಇದರಲ್ಲಿ ಕೈ ನಿಜವಾಗಿಯೂ ಇದೆಯಲ್ಲ ಸ್ವಾಮಿ?’

ಕನ್ನಡದ ಅಂಗಗಳನ್ನೆಲ್ಲ ಜಾಲಿಸಿದ್ದೆ, ಸಂಸ್ಕೃತದ ಕೈ ಕಣ್ಣಿಗೆ ಬಿದ್ದಿರಲಿಲ್ಲ. ಫೋನ್ ಮಾಡಿ ‘ಒಪ್ಪಿದೆ ಸಾರ್’ ಅಂದೆ. ನೋಟ್‌ಬುಕ್ಕಿನಲ್ಲಿ ನನ್ನ ಹೆಸರಿನ ಮುಂದೆ ಆ ಇಂಟನ್ನು ಇಳಿಸಿಕೊಂಡಿದ್ದೇನೆ. ಆ ಮೂಲೆಗೆ ಬೇರೆ ಪದ ಇನ್ನೂ ಸಿಕ್ಕಿಲ್ಲ.