ಕಥೆಗಿಂತ ಮುಂಚೆ ತಾರೀಖು: ಜಕಾರ್ತದಲ್ಲಿ ನನ್ನ ನಿರ್ಮಾಪಕ ಬದುಕು

ಇಂಡೋನೇಷ್ಯಾದ ರಾಜಧಾನಿ ಜಕಾರ್ತಕ್ಕೆ ನಾನು ಬಂದದ್ದು ಲೆಕ್ಕ ಬರೆಯೋಕೆ, ಸಿನಿಮಾ ಮಾಡೋಕಲ್ಲ. ಧಾರಾವಾಹಿ ತೆಗೆಯುವ ಕಂಪನಿಯೊಂದರಲ್ಲಿ ಅಕೌಂಟ್ಸ್ ಕೆಲಸ ಇತ್ತು. ರಾಮ್ ಪಂಜಾಬಿ, ಮನೋಜ್ ಪಂಜಾಬಿ ಅವರಂಥ ಭಾರತೀಯ ಮೂಲದ ನಿರ್ಮಾಪಕರು ಇಲ್ಲಿ ದೊಡ್ಡ ಹೆಸರು. ಹಾಗಾಗಿ ನನ್ನನ್ನು ಯಾರೂ ವಿಚಿತ್ರವಾಗಿ ನೋಡಲಿಲ್ಲ. ವೋಚರ್ ಕೇಳಿಕೊಂಡು ಸೆಟ್ಟಿಗೆ ಹೋಗ್ತಾ ಹೋಗ್ತಾ ಲೈನ್ ಪ್ರೊಡ್ಯೂಸರ್, ಅಂದ್ರೆ ಚಿತ್ರೀಕರಣದ ದಿನದಿನದ ಖರ್ಚು-ವ್ಯವಸ್ಥೆ ನೋಡಿಕೊಳ್ಳುವವನು, ಆದೆ. ಆಮೇಲೆ ಪಾಲುದಾರರ ಜೊತೆ ನಿರ್ಮಾಪಕನಾದೆ.

ಮೊದಲ ಬಜೆಟ್ಟಿನಲ್ಲೇ ಒಂದು ಸಾಲು ಕಣ್ಣಿಗೆ ಬಿತ್ತು: ಪವಾಂಗ್ ಹುಜನ್. ಅಂದ್ರೆ ಶೂಟಿಂಗ್ ಜಾಗದ ಮೇಲೆ ಮಳೆ ಬೀಳದ ಹಾಗೆ ತಡೆಯುವವರ ಸಂಭಾವನೆ. ನಾನು ನಂಬುತ್ತೇನೋ ಇಲ್ಲವೋ, ಅದು ಬೇರೆ ಮಾತು. ಆ ಸಾಲನ್ನು ಮಾತ್ರ ಯಾವತ್ತೂ ಹೊಡೆದುಹಾಕಿಲ್ಲ. ಹೊಡೆದುಹಾಕಿ ಮಳೆ ಬಂತು ಅನ್ನಿ, ಇಡೀ ಯೂನಿಟ್ ನನ್ನ ಮುಖವನ್ನೇ ನೋಡುತ್ತದೆ. ಶೂಟಿಂಗ್ ಶುರುವಿಗೆ ನಮ್ಮಲ್ಲಿ ತೆಂಗಿನಕಾಯಿ ಒಡೆದರೆ, ಇಲ್ಲಿ ಗೋಪುರದ ಹಾಗೆ ಕಟ್ಟಿದ ಹಳದಿ ಅನ್ನ, ತುಂಪೆಂಗ್, ಕತ್ತರಿಸುತ್ತಾರೆ.

ಆದರೆ ನಿಜವಾದ ತಲೆಬಿಸಿ ಬಿಡುಗಡೆಯದ್ದು. ಟಿಕೆಟ್ ದುಡ್ಡಿನಲ್ಲಿ ಊರಿನ ಮನರಂಜನಾ ತೆರಿಗೆ ಕಳೆದು, ಉಳಿದದ್ದು ಸಾಮಾನ್ಯವಾಗಿ ಚಿತ್ರಮಂದಿರಕ್ಕೆ ಅರ್ಧ, ನಮಗೆ ಅರ್ಧ. ಇಲ್ಲಿ ಯಾರೂ ದುಡ್ಡಿನ ಕೋಟಿ ಲೆಕ್ಕ ಹೇಳುವುದಿಲ್ಲ, ಎಷ್ಟು ಜನ ನೋಡಿದರು ಅಂತಲೇ ಮಾತು. ಮೊದಲ ದಿನ ಸೀಟು ಖಾಲಿ ಹೊಡೆದರೆ ಮರುದಿನವೇ ಶೋ ಕಡಿಮೆ. ನಿಧಾನಕ್ಕೆ ಬಾಯಿಮಾತಲ್ಲಿ ಓಡುತ್ತೆ ಅನ್ನೋ ಭರವಸೆಗೆ ಇಲ್ಲಿ ಜಾಸ್ತಿ ಜಾಗ ಇಲ್ಲ.

ಅದಕ್ಕೇ ಎಲ್ಲರಿಗೂ ಲೆಬಾರಾನ್ ಬೇಕು, ಅಂದ್ರೆ ರಂಜಾನ್ ಹಬ್ಬದ ರಜೆ. ಉಪವಾಸದ ತಿಂಗಳು ಥಿಯೇಟರ್ ಸಪ್ಪೆ. ಹಬ್ಬ ಬಂತೋ, ಊರಿಗೆ ಹೋದವರೆಲ್ಲ ಮನೆಮಂದಿಯನ್ನು ಕಟ್ಟಿಕೊಂಡು ಸಿನಿಮಾಗೆ ಬರುತ್ತಾರೆ. ಮನೋಜ್ ಪಂಜಾಬಿ ನಿರ್ಮಿಸಿದ ದೆವ್ವದ ಚಿತ್ರ 'ಕೆಕೆಎನ್ ದಿ ದೇಸಾ ಪೆನಾರಿ' 2020ರಲ್ಲೇ ಬರಬೇಕಿತ್ತು. ಕೋವಿಡ್ ಅಂತ ತಡೆಹಿಡಿದು, 2022ರ ಲೆಬಾರಾನ್ ಹೊತ್ತಿಗೆ ಬಿಟ್ಟರು. ಸುಮಾರು ಒಂದು ಕೋಟಿ ಜನ ನೋಡಿದರು. ಅಷ್ಟು ದಿನ ದುಡ್ಡು ಸಿಕ್ಕಿಹಾಕಿಕೊಂಡಿದ್ದರೂ ಓಟಿಟಿಗೆ ಮಾರದೆ ಕೂತಿದ್ದಾರಲ್ಲ, ಆ ಧೈರ್ಯಕ್ಕೆ ನನ್ನದೊಂದು ಸಲಾಂ.

ಇದನ್ನು ನೋಡಿ ದೆವ್ವದ ಸಿನಿಮಾಗಳು ಸಾಲುಗಟ್ಟಿದವು. ನಾನೂ ಅದಕ್ಕೆ ದುಡ್ಡು ಹಾಕಿದ್ದೇನೆ, ಸುಳ್ಳು ಯಾಕೆ ಹೇಳಲಿ? ಒಂದು ಹಳೇ ಮನೆ ಸಿಕ್ಕಿದರೆ ಸಾಕು, ಸ್ಟಾರ್ ಸಂಭಾವನೆ ಉಳಿಯುತ್ತದೆ. ಆದರೆ 2025ರ ಲೆಬಾರಾನ್‌ನಲ್ಲಿ ಮಕ್ಕಳ ಆನಿಮೇಷನ್ 'ಜುಂಬೊ' ನೋಡಿದವರ ಸಂಖ್ಯೆ ಒಂದು ಕೋಟಿ ದಾಟಿತು. 2000ದಲ್ಲಿ ಇಲ್ಲಿನ ಸಿನಿಮಾ ಉದ್ಯಮ ನೆಲಕಚ್ಚಿದ್ದಾಗ ನಿರ್ಮಾಪಕಿ ಮೀರಾ ಲೆಸ್ಮಾನಾ ಮಕ್ಕಳ ಹಾಡಿನ ಚಿತ್ರವನ್ನೇ ಇಟ್ಟುಕೊಂಡು ಗೆದ್ದಿದ್ದರು ಅಲ್ವಾ? ಹಬ್ಬಕ್ಕೆ ಅಜ್ಜಿ, ಮೊಮ್ಮಗು ಒಟ್ಟಿಗೆ ಕೂತು ನೋಡುವಂಥದ್ದೂ ಬೇಕು.

ಈಗ ನನ್ನ ಕಡೆ ಬರುವ ನಿರ್ದೇಶಕರಿಗೆ ಮೊದಲು ಕ್ಯಾಲೆಂಡರ್ ತೋರಿಸುತ್ತೇನೆ. ಲೆಬಾರಾನ್ ವರ್ಷಕ್ಕೆ ಸುಮಾರು 11 ದಿನ ಹಿಂದೆ ಸರಿಯುತ್ತದೆ. ಸದ್ಯಕ್ಕೆ ಅದು ಮಾರ್ಚ್ ಆಸುಪಾಸು ಬೀಳುತ್ತಿದೆ. ಹಾಗಾಗಿ ಜಕಾರ್ತ ಇರುವ ಜಾವಾ ದ್ವೀಪದಲ್ಲಿ ಒಣ ಹವೆ ಇರುವ ಜುಲೈ, ಆಗಸ್ಟ್‌ನಲ್ಲಿ ಚಿತ್ರೀಕರಣ, ಮಳೆಗಾಲದಲ್ಲಿ ಎಡಿಟಿಂಗ್. ಸೆನ್ಸಾರಿಗೆ ಹಬ್ಬಕ್ಕೆ ಸಾಕಷ್ಟು ಮುಂಚೆಯೇ ಕಳಿಸಬೇಕು. ಇಷ್ಟಕ್ಕೆ ಒಪ್ಪಿದವರ ಕಥೆಯನ್ನು ಆಮೇಲೆ ಕೂತು ಕೇಳುತ್ತೇನೆ.