ಕವಡೆಯಲ್ಲಿ ಅಕ್ಷಹೃದಯ: ಅದೃಷ್ಟ ತಿರುಗಿಸುವ ಯಂತ್ರಕ್ಕೆ ಆಟದ ನಿಯಮ ಕಟ್ಟಿದ ಅನುಭವ

ಸಾಧ್ಯತೆಯನ್ನೇ ಬಗ್ಗಿಸುವ ಯಂತ್ರವೊಂದು ಪುಣೆಯ ಕನ್ನಡದವರ ಕೈಗೆ ಸಿಕ್ಕರೆ ಏನಾದೀತು? ನಮ್ಮ ಕತೆಯಾಟದ ಎಳೆ ಇದು. ಆಟಗಾರರು ಪಾತ್ರ ವಹಿಸುತ್ತಾರೆ, ಒಬ್ಬರು ಆಟ ನಡೆಸುತ್ತಾರೆ, ಕೆಲಸ ಆಯಿತೋ ಇಲ್ಲವೋ ಎಂದು ಹೇಳುವುದು ಕವಡೆ. ಯಂತ್ರದ ಹೆಸರು ಅಕ್ಷಹೃದಯ. ಮಹಾಭಾರತದ ನಳನ ಕತೆಯಲ್ಲಿ ಋತುಪರ್ಣ ರಾಜ ನಳನಿಗೆ ಕಲಿಸಿದ ದಾಳದ ವಿದ್ಯೆಯ ಹೆಸರೇ ಇಟ್ಟಿದ್ದೇನೆ. ನಿಯಮ ಬರೆಯುವಾಗ ಪಟ್ಟು ಹಿಡಿದದ್ದು ಒಂದೇ ವಿಷಯಕ್ಕೆ: ಯಂತ್ರ ಗೆಲುವನ್ನು ಕೈಗಿಡಬಾರದು, ಗೆಲ್ಲುವ ಅವಕಾಶವನ್ನಷ್ಟೇ ಹೆಚ್ಚಿಸಬೇಕು. ಹಾಗೆ ಹೆಚ್ಚಿಸಿಕೊಂಡದ್ದರ ಸಾಲ ಎಲ್ಲರ ಕಣ್ಣೆದುರು ಬಟ್ಟಲಲ್ಲಿ ಬಿದ್ದಿರಬೇಕು.

ದಾಳ ಬಿಟ್ಟು ಕವಡೆ ಯಾಕೆಂದರೆ, ಚೌಕಾಬಾರ ಆಡಿದ ಕೈಗೆ ನಾಲ್ಕು ಕವಡೆಯ ಗುಣ ಗೊತ್ತಿರುತ್ತದೆ. ಬಾಯಿ ಮೇಲಾಗಿ ಅಂಗಾತ ಬಿದ್ದವನ್ನು ಎಣಿಸಿದರೆ ಸಾಕು. ಸುಲಭದ ಕೆಲಸಕ್ಕೆ ಕನಿಷ್ಠ ಎರಡು ಅಂಗಾತ ಬೀಳಬೇಕು, ಕಷ್ಟದ್ದಕ್ಕೆ ಮೂರು, ಆಗದ ಮಾತು ಎನ್ನುವಂಥದ್ದಕ್ಕೆ ನಾಲ್ಕೂ. ಕವಡೆ ಸಮವಾಗಿದ್ದರೆ ಈ ಅವಕಾಶಗಳು ಕ್ರಮವಾಗಿ 16ರಲ್ಲಿ 11, 16ರಲ್ಲಿ 5, 16ರಲ್ಲಿ 1. ಅಂದರೆ ಶೇ 68.75, ಶೇ 31.25, ಶೇ 6.25.

ಆದರೆ ಕವಡೆ ಸಮವಾಗಿ ಇರುವುದಿಲ್ಲ. ಇಡೀ ಆಟದ ಪ್ರಾಣ ಇಲ್ಲೇ ಇರುವುದರಿಂದ ಸ್ವಲ್ಪ ನಿಧಾನಿಸಿ ಹೇಳುತ್ತೇನೆ. ಬೆನ್ನು ಉಬ್ಬಿದ ಕವಡೆ ಒಂದು ಕಡೆಗೆ ಒಲಿಯುತ್ತದೆ, ಬೆನ್ನು ತೇಯ್ದದ್ದು ಇನ್ನೊಂದು ರೀತಿ ಬೀಳುತ್ತದೆ. ನೂರಕ್ಕೆ ನಲವತ್ತು ಸಲ ಮಾತ್ರ ಅಂಗಾತ ಬೀಳುವ ಕವಡೆಗಳೇ ನಾಲ್ಕು ಸೇರಿದರೆ ಕಷ್ಟದ ಕೆಲಸದ ಅವಕಾಶ ಶೇ 31ರಿಂದ 18ಕ್ಕೆ ಕುಸಿಯುತ್ತದೆ. ಅರವತ್ತು ಸಲ ಅಂಗಾತ ಬೀಳುವಂಥವಾದರೆ ಶೇ 48ಕ್ಕೆ ಏರುತ್ತದೆ. ಯಂತ್ರ ಮಾಡಬೇಕಾದ ಕೆಲಸವನ್ನು ಕೆಟ್ಟ ಕವಡೆಯೇ ಮಾಡಿ ಮುಗಿಸಿರುತ್ತದೆ.

ಅದಕ್ಕೆ ತುಳಶೀಬಾಗ್ ಕಡೆಯ ಪೂಜಾಸಾಮಾನಿನ ಅಂಗಡಿಯಿಂದ ಒಂದೇ ಗಾತ್ರದ ಎರಡು ಡಜನ್ ಕವಡೆ ತನ್ನಿ. ಆರಿಸಿ ಉಳಿಯುವುದು ಹತ್ತು ಹನ್ನೆರಡು ಇದ್ದರೆ ಸಾಕು. ಪ್ರತಿಯೊಂದರ ಬೆನ್ನಿಗೆ ಮಾರ್ಕರ್‌ನಲ್ಲಿ ಅಂಕಿ ಬರೆದು ನೂರು ಸಲ ಎಸೆಯಿರಿ. ಬೇಕಾದರೆ ಹತ್ತನ್ನು ಒಟ್ಟಿಗೆ ಎಸೆಯಬಹುದು, ಲೆಕ್ಕ ಮಾತ್ರ ಬೇರೆಬೇರೆ ಇಡಬೇಕು. ಅಂಗಾತ ಬಿದ್ದದ್ದು 40ರಿಂದ 60ರ ಒಳಗಿದ್ದರೆ ಇಟ್ಟುಕೊಳ್ಳಿ. ನೂರು ಎಸೆತದಲ್ಲಿ ಐದು ಅತ್ತಿತ್ತ ಆಗುವುದು ಸಹಜ, ಹತ್ತರವರೆಗೂ ಸಹಿಸಬಹುದು, ಅದಕ್ಕೂ ಮೀರಿದರೆ ಕವಡೆಯಲ್ಲೇ ಓರೆಯಿದೆ ಎಂದುಕೊಳ್ಳಿ. ಕಂತೆ ಕಟ್ಟುವಾಗ 45 ಬಂದದ್ದರ ಜೊತೆ 55 ಬಂದದ್ದನ್ನು ಸೇರಿಸಿ.

ಎಸೆಯುವುದು ಜಮಖಾನದ ಮೇಲೆ. ಟೈಲ್ಸ್ ಮೇಲೆ ಪುಟಿದು ಅಂಚು ಒಡೆಯುತ್ತದೆ, ಅಂಚು ಒಡೆದ ಕವಡೆಯನ್ನು ಮತ್ತೆ ಪರೀಕ್ಷಿಸಬೇಕಾಗುತ್ತದೆ. ಪಳಗಿದ ಕೈ ಬೇಕಾದ ಹಾಗೆ ಜಾರಿಸಬಲ್ಲದು, ಆದ್ದರಿಂದ ಸ್ಟೀಲ್ ಲೋಟದಲ್ಲಿ ಕುಲುಕಿ ಒಂದು ಗೇಣು ಎತ್ತರದಿಂದ ಸುರಿಯಬೇಕು. ಇನ್ನೊಂದಕ್ಕೆ ಒರಗಿ ನಿಂತ ಕವಡೆಯನ್ನು ಮಾತ್ರ ಮತ್ತೆ ಎಸೆಯಿರಿ.

ಇನ್ನು ಯಂತ್ರ. ಎಸೆಯುವ ಮೊದಲು ಆಟಗಾರ ಒಂದು ಕವಡೆ ಸಾಲ ಕೇಳಬಹುದು. ‘ಒಂದ್ ಕವಡಿ ಸಾಲ ಕೊಡ್ರಿ ಮಾಮಾ’ ಎಂದರೆ ಆಟ ನಡೆಸುವವರು ಐದನೆಯದನ್ನು ಲೋಟಕ್ಕೆ ಹಾಕುತ್ತಾರೆ. ಆಗ ಮೂರು ಅಂಗಾತ ಬೀಳುವ ಅವಕಾಶ ಶೇ 31.25ರಿಂದ ಸರಿಯಾಗಿ 50ಕ್ಕೆ ಏರುತ್ತದೆ. ಆರನೆಯದೂ ಸೇರಿದರೆ ಸುಮಾರು 66. ಆರಕ್ಕೆ ನಿಲ್ಲಿಸಿ. ಎಸೆತ ಮುಗಿದ ಮೇಲೆ ಸಾಲದ ಕವಡೆ ಬಟ್ಟಲಿಗೆ ಹೋಗುತ್ತದೆ. ಮುಂದೆ ಯಾವುದೋ ಎಸೆತದಲ್ಲಿ ಆಟ ನಡೆಸುವವರು ಆ ಆಟಗಾರನ ಲೋಟದಿಂದ ಒಂದನ್ನು ತೆಗೆದು, ಮೂರರಲ್ಲೇ ಆಡಿಸಿ, ಬಟ್ಟಲಿನಲ್ಲಿ ಒಂದನ್ನು ಕಡಿಮೆ ಮಾಡುತ್ತಾರೆ. ಕಷ್ಟದ ಕೆಲಸದಲ್ಲಿ ಹೀಗೆ ಆದರೆ ಶೇ 31.25 ಇದ್ದದ್ದು 12.5ಕ್ಕೆ ಇಳಿಯುತ್ತದೆ. ಏರಿದ್ದೂ 18.75, ಇಳಿದದ್ದೂ 18.75. ಈ ಸಮತೂಕಕ್ಕಾಗಿಯೇ ನಾಲ್ಕು ಕವಡೆಯ ಮೇಲೆ ನಿಂತೆ.

ಸೋತ ಮೇಲೆ ಇನ್ನೊಮ್ಮೆ ಎಸೆಯುವ ನಿಯಮ ಹಲವರಿಗೆ ಮೊದಲು ಹೊಳೆಯುತ್ತದೆ, ಬೇಡ. ಸುಲಭದ ಕೆಲಸ ಅದರಿಂದ ಶೇ 90ಕ್ಕೆ ಮುಟ್ಟಿ ಆಟ ಸಪ್ಪೆಯಾಗುತ್ತದೆ. ಅದಕ್ಕಿಂತ ಮುಖ್ಯವಾಗಿ, ಎಲ್ಲರೂ ಕಂಡದ್ದನ್ನು ಅಳಿಸಿದಂತಾಗುತ್ತದೆ. ನಮ್ಮ ಯಂತ್ರ ಇನ್ನೂ ಆಗದಿರುವುದನ್ನು ಮಾತ್ರ ಮುಟ್ಟಬಲ್ಲದು.

ಜಾಣ ಆಟಗಾರರು ಹುಡುಕುವ ಕಿಂಡಿಯೊಂದಿದೆ. ತೀರಿಸುವ ಹೊತ್ತನ್ನು ಅವರಿಗೇ ಬಿಟ್ಟರೆ, ನಾಲ್ಕೂ ಅಂಗಾತ ಬೀಳಬೇಕಾದ ಕೆಲಸಕ್ಕೆ ಸುಮ್ಮನೆ ಕೈಹಾಕಿ ಅಲ್ಲಿ ಸಾಲ ಕಳೆಯುತ್ತಾರೆ. ಮೂರು ಕವಡೆಯಲ್ಲಿ ನಾಲ್ಕು ಬೀಳಲಾರದು ನಿಜ, ಆದರೆ ಕಳೆದುಕೊಂಡದ್ದು ಬರೀ ಶೇ 6.25. ಶೇ 18.75 ಪಡೆದು 6.25 ಕೊಟ್ಟು ಕೈತೊಳೆದುಕೊಂಡಂತೆ. ಆದ್ದರಿಂದ ವಸೂಲಿಯ ಹೊತ್ತು ಆಟ ನಡೆಸುವವರದ್ದು, ನಾಲ್ಕೂ ಅಂಗಾತ ಬೀಳಬೇಕಾದ ಎಸೆತದಲ್ಲಿ ವಸೂಲಿ ಇಲ್ಲ, ಒಂದು ಎಸೆತಕ್ಕೆ ಒಂದೇ ಕವಡೆ. ಒಬ್ಬರ ಹೆಸರಿನಲ್ಲಿ ಮೂರು ಸಾಲ ಆದರೆ ಯಂತ್ರ ಅವರಿಗೆ ಬಂದ್. ಮಿತಿ ಇಲ್ಲದಿದ್ದರೆ ಮೊದಲರ್ಧ ಬರೀ ಗೆಲುವು, ಉತ್ತರಾರ್ಧ ಬರೀ ಸೋಲು.

ತಿದ್ದಿದ ಕವಡೆಯೂ ಒಂದಿರಲಿ. ಬೆನ್ನು ಕತ್ತರಿಸಿದ ಕವಡೆಯ ತೂತಿಗೆ ಕಡಲೆಕಾಳಿನಷ್ಟು ಎಂಸೀಲ್ ತುಂಬಿ ಒಂದು ದಿನ ಒಣಗಿಸಿದರೆ ತೂಕ ಬೆನ್ನಿಗೆ ಇಳಿದು ಅಂಗಾತ ಬೀಳುವುದು ಹೆಚ್ಚುತ್ತದೆ. ನೂರಕ್ಕೆ ಎಪ್ಪತ್ತರ ಹತ್ತಿರ ಬರುವವರೆಗೆ ಕೆರೆಯುತ್ತಾ, ಸೇರಿಸುತ್ತಾ ಹೋಗಿ, ಕೆಂಪು ಬಣ್ಣ ಹಚ್ಚಿ. ಮೂರು ಸಾದಾ, ಒಂದು ಕೆಂಪು ಸೇರಿದರೆ ಕಷ್ಟದ ಕೆಲಸ ಶೇ 38.75 ಆಗುತ್ತದೆ. ಏರಿಕೆ ಸಣ್ಣದು, ಸಾಲವಿಲ್ಲದ್ದು. ಕತೆಯಲ್ಲಿ ಒಂದೇ ಸಲ ಕೊಡಿ.

ಲಾಟರಿ ಹೊಡೆಸುತ್ತೇನೆ ಎಂದು ಯಾರಾದರೂ ಕೇಳಿಯೇ ಕೇಳುತ್ತಾರೆ. ಹತ್ತು ಲಕ್ಷಕ್ಕೆ ಒಂದು ಇದ್ದದ್ದನ್ನು ಹತ್ತು ಪಟ್ಟು ಮಾಡಿದರೂ ಲಕ್ಷಕ್ಕೆ ಒಂದೇ. ನಾಲ್ಕು ಕವಡೆಯಲ್ಲಿ ಹಿಡಿಯದ್ದನ್ನು ಎಸೆಯಲೇ ಬೇಡಿ. ಹಿಡಿಯುವಂಥವು ನಮ್ಮ ಊರಲ್ಲಿ ಬೇಕಾದಷ್ಟಿವೆ: ಉದ್ಯಾನ್ ಎಕ್ಸ್‌ಪ್ರೆಸ್‌ನ ವೇಟಿಂಗ್ ಲಿಸ್ಟ್ ಚಾರ್ಟ್ ಆಗುವ ಮೊದಲು ಕನ್ಫರ್ಮ್ ಆಗುವುದು, ಖಡಕ್‌ವಾಸ್ಲಾ ಅಣೆಕಟ್ಟಿನ ನೀರು ಬಂದು ಮುಠಾ ನದಿಯ ತಗ್ಗು ಸೇತುವೆ ಭಿಡೆ ಪೂಲ್ ಮುಳುಗುವ ಮುಂಚೆ ಸ್ಕೂಟರ್ ದಾಟಿಸುವುದು. 1961ರ ಜುಲೈ 12ರಂದು ಅಣೆಕಟ್ಟು ಒಡೆದ ಪಾನಶೇತ್ ದುರಂತವನ್ನು ಆಟದ ಸನ್ನಿವೇಶ ಮಾಡಲು ಸಲಹೆ ಬಂದರೆ ಒಪ್ಪಬೇಡಿ. ಊರಿನವರು ಮನೆ ಕಳೆದುಕೊಂಡ ದಿನವನ್ನು ಲೋಟದಲ್ಲಿ ಕುಲುಕುವುದು ಸಲ್ಲದು.

ಆಟ ಮುಗಿಯುವಾಗ ಬಟ್ಟಲಲ್ಲಿ ಸಾಲ ಉಳಿದಿದ್ದರೆ ಕೊನೆಯ ದೃಶ್ಯಕ್ಕೆ ಮೊದಲೇ ವಸೂಲಿ ಶುರುಮಾಡಿ. ಮುಂದಿನ ವಾರಕ್ಕೆ ಸಾಗಿಸಿದರೆ ಸಾಲ ಮಾಡಿದವರು ಬರದೇ ಹೋಗಬಹುದು, ಆಗ ಬಂದವರ ತಲೆಗೆ ಕಟ್ಟಬೇಕಾಗುತ್ತದೆ.