ಚಿತ್ರದುರ್ಗದ ಕೋಟೆಯಲ್ಲಿ ಗಣಿತ–ಸಂಗೀತದ ಗುಪ್ತಕೂಟ: ಆಟ ಕಟ್ಟುವ ಕ್ರಮ

ಗುಪ್ತಕೂಟದ ಹೆಸರಲ್ಲಿ ನಿಧಿ ಹುಡುಕುವ ಆಟ ಕಟ್ಟುವವರು ಮುಕ್ಕಾಲು ಸಮಯವನ್ನು ಕಪ್ಪು ಬಟ್ಟೆಗೂ ಚಿಹ್ನೆಗಳಿಗೂ ಸುರಿಯುತ್ತಾರೆ. ಅದೆಲ್ಲ ಆಮೇಲೆ. ಮೊದಲು ಬೇಕಾದದ್ದು ಗುಟ್ಟು. ಹಾಡಲು ಬಲ್ಲವರೊಬ್ಬರಿಂದಲೇ ಅದು ಬಿಡಿಸಲು ಆಗಬಾರದು, ಲೆಕ್ಕ ಬಲ್ಲವರೊಬ್ಬರಿಂದಲೂ ಆಗಬಾರದು. ಇಬ್ಬರೂ ಪಕ್ಕಪಕ್ಕ ಕೂತರೆ ಮಾತ್ರ ಬೀಗ ತೆರೆಯಬೇಕು. ಕ್ರಿಸ್ತಪೂರ್ವ 6ನೇ ಶತಮಾನದಲ್ಲಿ ಪೈಥಾಗೊರಸ್ ದಕ್ಷಿಣ ಇಟಲಿಯ ಕ್ರೋಟನ್‌ನಲ್ಲಿ ಕಟ್ಟಿದ ಕೂಟಕ್ಕೆ ತಂತಿಯ ಉದ್ದಗಳ ಅನುಪಾತವಿತ್ತು. ನಮಗೆ ಅದರ ಜೊತೆಗೆ ಕರ್ನಾಟಕ ಸಂಗೀತದ 72 ಮೇಳಕರ್ತಗಳೂ, ಅಂದರೆ ಸಂಖ್ಯೆ ಹೊತ್ತ ತಾಯಿರಾಗಗಳೂ ಇವೆ.

ತಂಡಕ್ಕೆ ನಾಲ್ಕೈದು ಜನ ಸಾಕು. ಒಂದೊಂದು ಠಾಣೆಗೆ ನಾಲ್ಕಂಕಿಯ ಬೀಗ ಹಾಕಿದ ಒಂದು ಪೆಟ್ಟಿಗೆ, ಒಬ್ಬ ಗಾಯಕ, ಆಧಾರಸ್ವರ ನುಡಿಸುತ್ತಲೇ ಇರುವ ಒಂದು ಶ್ರುತಿಪೆಟ್ಟಿಗೆ. ಗಾಯಕರು ಎರಡು ಮೇಳಗಳ ಆರೋಹಣ–ಅವರೋಹಣವನ್ನು ಒಂದಾದ ಮೇಲೊಂದು ಹಾಡುತ್ತಾರೆ. ಆ ಮೇಳಗಳ ಸಂಖ್ಯೆಗಳನ್ನು ಜೋಡಿಸಿದರೆ ಬೀಗದ ಅಂಕಿ. ರಾಗದ ಹೆಸರನ್ನು ಬಾಯಿ ಬಿಡಬಾರದು.

ಕೇಳಿದ ಸ್ವರಗಳಿಂದ ಸಂಖ್ಯೆಗೆ ಹೋಗುವ ದಾರಿ ಹೀಗೆ. ರ, ರಿ, ರು ಎಂದರೆ ಒಂದೇ ಸ್ವರದ ಮೂರು ಎತ್ತರಗಳು, ಕೆಳಗಿನಿಂದ ಮೇಲಕ್ಕೆ; ಗ, ಧ, ನಿಗಳಿಗೂ ಹಾಗೆಯೇ. ರಿ–ಗ ಜೋಡಿಗಳು ಆರು: ರ-ಗ, ರ-ಗಿ, ರ-ಗು, ರಿ-ಗಿ, ರಿ-ಗು, ರು-ಗು. ಧ–ನಿ ಜೋಡಿಗಳೂ ಆರು: ಧ-ನ, ಧ-ನಿ, ಧ-ನು, ಧಿ-ನಿ, ಧಿ-ನು, ಧು-ನು. ರಿ–ಗ ಜೋಡಿಯ ಕ್ರಮಾಂಕದಿಂದ 1 ಕಳೆದು 6ರಿಂದ ಗುಣಿಸಿ, ಧ–ನಿ ಜೋಡಿಯ ಕ್ರಮಾಂಕ ಕೂಡಿಸಿ. ಪ್ರತಿಮಧ್ಯಮ (ಎರಡು ಮಗಳಲ್ಲಿ ಮೇಲಿನದು) ಕೇಳಿದರೆ ಇನ್ನೂ 36 ಸೇರಿಸಿ. ರಿ-ಗು ಐದನೆಯದು, ಧಿ-ನು ಐದನೆಯದು: 24+5=29, ಧೀರಶಂಕರಾಭರಣ. ಅದೇ ಸ್ವರಗಳು, ಮಧ್ಯಮ ಮಾತ್ರ ಪ್ರತಿ: 65, ಮೇಚಕಲ್ಯಾಣಿ. ಹೀಗಾಗಿ 2965 ಒಳ್ಳೆಯ ಬೀಗ. ಒಂದೇ ಸ್ವರದ ವ್ಯತ್ಯಾಸ ಹಿಡಿಯುವ ಕಿವಿ ಬೇಕು. 1565ಕ್ಕೂ ರಾಗಗಳು ಸಿಗುತ್ತವೆ, ಆದರೆ ಇತಿಹಾಸ ಓದಿದವರು ಹಾಡು ಕೇಳದೆಯೇ ತಾಳಿಕೋಟೆ ಯುದ್ಧದ ಆ ಇಸವಿ ತಿರುಗಿಸಿ ನೋಡುತ್ತಾರೆ.

ಹೊಸಬರ ತಂಡವಾದರೆ ವಿವಾದಿ ಮೇಳಗಳನ್ನು ಬಿಡಿ. ಅಂದರೆ ಎರಡು ಪಟ್ಟಿಗಳಲ್ಲಿ ಯಾವುದಾದರೊಂದರ ಮೊದಲ ಅಥವಾ ಕೊನೆಯ ಜೋಡಿ ಇರುವ ಮೇಳಗಳು, ಒಟ್ಟು 40. ಉಳಿದ 32 ಧಾರಾಳ. ವಿವಾದಿಯಲ್ಲಿ ಎಡವುವುದು ಏಕೆಂದರೆ ಸ್ವರಕ್ಕೆ ಹೆಸರು 16, ಸ್ಥಾನ 12. ಚತುಃಶ್ರುತಿ ರಿಷಭವೂ (ರಿ) ಶುದ್ಧ ಗಾಂಧಾರವೂ (ಗ) ಒಂದೇ ಸ್ಥಾನ. ಎತ್ತರ ನೋಡಿ ಹೆಸರಿಟ್ಟರೆ ತಪ್ಪುತ್ತದೆ. ಏರಿಕೆಯಲ್ಲಿ ಎರಡನೆಯದು ರಿ, ಮೂರನೆಯದು ಗ ಎಂದು ಎಣಿಸಿ ಹೆಸರಿಡಬೇಕು.

ಇದಕ್ಕಿಂತ ದೊಡ್ಡ ಅಪಾಯ ಶ್ರುತಿ ಇಲ್ಲದೆ ಹಾಡುವುದು. ಶಂಕರಾಭರಣದ ಸ್ವರಗಳನ್ನೇ, ರಿಷಭವನ್ನು ಷಡ್ಜವೆಂದು (ಆಧಾರಸ್ವರ ಸ) ಹಿಡಿದು ಅಲ್ಲಿಂದ ಎಣಿಸಿದರೆ ಖರಹರಪ್ರಿಯ, 22. ಗಾಂಧಾರದಿಂದ ಹನುಮತೋಡಿ, 8. ಮಧ್ಯಮದಿಂದ ಕಲ್ಯಾಣಿ, ಪಂಚಮದಿಂದ ಹರಿಕಾಂಭೋಜಿ, 28. ಗಾಯಕರು ಒಂದಿಷ್ಟೂ ತಪ್ಪದಿದ್ದರೂ ಕೇಳುವವರ ಷಡ್ಜ ಜಾರಿದರೆ ಬೀಗ ತೆರೆಯದು. ಶ್ರುತಿ ಹಾಡಿಗೆ ಮುಂಚೆ ಶುರುವಾಗಲಿ, ಹಾಡು ಮುಗಿದ ಮೇಲೂ ಒಂದು ನಿಮಿಷ ನಡೆಯಲಿ. ಬುದ್ಧಿವಂತರ ತಂಡಕ್ಕೆ ಇದನ್ನೇ ಎರಡನೇ ಹಂತದ ಒಗಟಾಗಿಸಬಹುದು: ಹಾಡು ಒಂದೇ, ಶ್ರುತಿ ಬದಲಿಸಿ, ಸಂಖ್ಯೆ ಬೇರೆ.

ಬರಹದ ಸುಳಿವಿಗೆ ಕಟಪಯಾದಿ, ಅಂದರೆ ಅಕ್ಷರಗಳಿಗೆ ಅಂಕಿ ಕೊಡುವ ಕ್ರಮ. ಕದಿಂದ ಝವರೆಗೆ 1–9, ಟದಿಂದ ಧವರೆಗೆ 1–9, ಪದಿಂದ ಮವರೆಗೆ 1–5, ಯ ರ ಲ ವ ಶ ಷ ಸ ಹ 1–8; ಞ, ನ ಎರಡೂ ಸೊನ್ನೆ. ಹೆಸರಿನ ಮೊದಲ ಎರಡು ಅಕ್ಷರಗಳ ಅಂಕಿ ತಿರುಗಿಸಿದರೆ ಮೇಳ: ಮಾಯಾ ಎಂದರೆ 5, 1, ಆದ್ದರಿಂದ 15. ಇಲ್ಲಿ ಕಾಗುಣಿತ ಪ್ರಾಣ. 20ನೇ ಮೇಳ ನಠಭೈರವಿ. ನಟಭೈರವಿ ಎಂದು ಬರೆದರೆ 10 ಬರುತ್ತದೆ, ಅದು ನಾಟಕಪ್ರಿಯ. ಒತ್ತಕ್ಷರಕ್ಕೆ ಒಂದೇ ನಿಯಮವಿಲ್ಲ: ರತ್ನಾಂಗಿ, ಸೂರ್ಯಕಾಂತ, ಧರ್ಮವತಿಯಲ್ಲಿ ಒತ್ತಿನ ಕೊನೆಯ ವ್ಯಂಜನ ಲೆಕ್ಕಕ್ಕೆ, ಚಕ್ರವಾಕ, ದಿವ್ಯಮಣಿ, ಚಿತ್ರಾಂಬರಿಯಲ್ಲಿ ಮೊದಲನೆಯದು. ಸಿಂಹೇಂದ್ರಮಧ್ಯಮದಲ್ಲಿ ಅನುಸ್ವಾರವನ್ನು ಮಕಾರವೆಂದು ಹಿಡಿದರೇ 57. ಒತ್ತು, ಅನುಸ್ವಾರ ಇರುವ ಹೆಸರುಗಳನ್ನು ಸುಳಿವಿನಿಂದ ದೂರವಿಡುವುದೇ ಕ್ಷೇಮ.

ಕೊನೆಯ ಠಾಣೆಗೆ ಒಂಟಿ ತಂತಿಯ ಹಲಗೆ ಮಾಡಿ. 100 ಸೆಂ.ಮೀ. ಉದ್ದ, 8 ಸೆಂ.ಮೀ. ಅಗಲ, 2 ಸೆಂ.ಮೀ. ದಪ್ಪದ ಹಲಗೆ, 0.3 ಮಿ.ಮೀ. ಉಕ್ಕಿನ ತಂತಿ, ಒಂದು ತುದಿಗೆ ತಿರುಪು, ಇನ್ನೊಂದಕ್ಕೆ ತಂತಿ ಬಿಗಿಸುವ ಗಿಟಾರ್ ಕಿವಿ. ಎರಡು ಸ್ಥಿರ ಕುದುರೆಗಳ (ತಂತಿ ಹೊರುವ ಮರದ ತುಂಡುಗಳ) ನಡುವೆ ಸರಿಯಾಗಿ 90 ಸೆಂ.ಮೀ. ಪೂರ್ತಿ ತಂತಿ ಷಡ್ಜವಾದರೆ, ಮೀಟುವ ಭಾಗ 80 ಸೆಂ.ಮೀ. ಇದ್ದಾಗ ರಿ, 72ಕ್ಕೆ ಗ, 67.5ಕ್ಕೆ ಮ, 60ಕ್ಕೆ ಪ, 54ಕ್ಕೆ ಧ, 48ಕ್ಕೆ ನಿ, 45ಕ್ಕೆ ತಾರಷಡ್ಜ. ಸರಿಸುವ ಕುದುರೆ ಸ್ಥಿರ ಕುದುರೆಗಿಂತ 1 ಮಿ.ಮೀ.ಗಿಂತ ಹೆಚ್ಚು ಎತ್ತರವಿರಬಾರದು. ಇದ್ದರೆ ತಂತಿ ಬಿಗಿಯಾಗಿ ಎಲ್ಲ ಸ್ವರವೂ ಏರುತ್ತದೆ. 45ರಲ್ಲಿಟ್ಟು ಮೀಟಿ, ತಾರಷಡ್ಜ ಶ್ರುತಿಪೆಟ್ಟಿಗೆಗಿಂತ ಮೇಲೆ ನಿಂತರೆ ಕುದುರೆಯ ಅಡಿಯನ್ನು ಉಜ್ಜಿ.

ಸದಸ್ಯತ್ವದ ಪರೀಕ್ಷೆ ಈ ಹಲಗೆಯ ಮೇಲೇ ನಡೆಯಲಿ. ಪಂಚಮದ 3:2 ಅನುಪಾತವನ್ನೇ ನಾಲ್ಕು ಸಲ ಹತ್ತಿ ಎರಡು ಸ್ಥಾಯಿ ಇಳಿಸಿದರೆ (4ರಿಂದ ಭಾಗಿಸಿದರೆ) ಗಾಂಧಾರ 81/64, ಅಂದರೆ 71.1 ಸೆಂ.ಮೀ. ತಂಬೂರಿಯೊಳಗೆ ತಾನಾಗಿ ಕೇಳುವ ಗಾಂಧಾರ 5/4, ಅಂದರೆ 72. ನಡುವೆ 9 ಮಿ.ಮೀ. ಎರಡರಲ್ಲಿ ಯಾವುದು ಶ್ರುತಿಗೆ ಕರಗುತ್ತದೆ ಎಂದು ಕಿವಿಯಿಂದ ಹೇಳಬೇಕು, ಏಕೆಂದು ಕಾಗದದ ಮೇಲೆ ತೋರಿಸಬೇಕು. ಇಡೀ ಆಟದಲ್ಲಿ ಇದಕ್ಕಿಂತ ಚೆಂದದ ಘಳಿಗೆ ಬೇರಿಲ್ಲ.

ಕೋಟೆ ಪುರಾತತ್ವ ಇಲಾಖೆಯ ಸಂರಕ್ಷಿತ ಸ್ಮಾರಕ. ಬಂಡೆಗೆ ಸೀಮೆಸುಣ್ಣ, ಅಂಟು, ಬಣ್ಣ ಏನೂ ತಾಕಬಾರದು. ಪೆಟ್ಟಿಗೆ ಸ್ವಯಂಸೇವಕರ ಕೈಯಲ್ಲೇ ಇರಲಿ. ಗುಂಪಿಗೆ ಮೊದಲೇ ಅನುಮತಿ ಕೇಳಿ. ಕೋಟೆಯ ಏಳು ಸುತ್ತುಗಳಿಗೆ ಏಳು ಠಾಣೆ ಇಡುವ ಆಸೆ ಸಹಜ, ಆದರೆ ಅರ್ಧ ದಿನಕ್ಕೆ ನಾಲ್ಕೇ ಸಾಕು. ಹಾಡಿನ ಠಾಣೆ ಬಯಲಲ್ಲಿ ಬೇಡ. ಗುಡ್ಡದ ಗಾಳಿ ಮಂದ್ರದ ಕೆಳದನಿಯನ್ನೆಲ್ಲ ನುಂಗಿಬಿಡುತ್ತದೆ. ಮಂಟಪದ ಮರೆ ಹಿಡಿಯಿರಿ. ಗುಡಿಗಳಲ್ಲಿ ಪೂಜೆಯ ಹೊತ್ತು ತಪ್ಪಿಸಿ. ಓಬವ್ವನ ಕಿಂಡಿಯ ಬಳಿ ಸದಾ ಜನ, ಅಲ್ಲಿ ಬರಹದ ಸುಳಿವು ಮಾತ್ರ ಕೊಡಿ. ಹಲಗೆಯನ್ನು ಬಿಸಿಲಲ್ಲಿಟ್ಟರೆ ತಂತಿ ಕಾದು ಸಡಿಲಾಗಿ ಷಡ್ಜ ಇಳಿಯುತ್ತದೆ. ಗುರುತುಗಳು ತಪ್ಪಾಗುವುದಿಲ್ಲ, ಅನುಪಾತ ಹಾಗೇ ಇರುತ್ತದೆ. ಪ್ರತಿ ತಂಡ ಬರುವ ಮುಂಚೆ ಕಿವಿ ತಿರುಗಿಸಿ ಶ್ರುತಿಪೆಟ್ಟಿಗೆಗೆ ಸೇರಿಸಿಕೊಳ್ಳಿ.